ಹೆಚ್ಚಿನ ಪರಿಹಾರ ಕೇಳುವುದು ದುರಾಸೆಯೇ?

‘ರಸ್ತೆಗೆ ಹೋದ ಜಮೀನಿಗೆ ಸರ್ಕಾರ ಕೊಟ್ಟ ದುಡ್ಡು ಎಣಿಸಿಕೊಂಡ ಮೇಲೂ ಇನ್ನಷ್ಟು ಬೇಕೆಂದು ಕೋರ್ಟು ಹತ್ತುವವರಿಂದಲೇ ನಮ್ಮ ರಸ್ತೆಗಳು ನಿಂತಿವೆ, ತೆರಿಗೆ ಹಣ ಪೋಲಾಗುತ್ತಿದೆ. ಇದು ದುರಾಸೆಯಲ್ಲವೇ?’ ಎಂದು ಯಲಹಂಕದ ಓದುಗರೊಬ್ಬರು ಕೇಳಿದ್ದಾರೆ.

ರಸ್ತೆಯಿಲ್ಲದೆ ನೀವು ಪಡುವ ಪಾಡು ನಿಜ, ಸ್ವಾಮಿ. ಆದರೆ ಸ್ವಾಧೀನವೇ ತಪ್ಪು ಎನ್ನುವ ರಿಟ್ ಅರ್ಜಿ ಬೇರೆ, ದರ ಸಾಲದು ಎನ್ನುವ ದಾವೆ ಬೇರೆ. ಎರಡನೆಯದರಿಂದ ಯಾವ ಕಾಮಗಾರಿಯೂ ನಿಲ್ಲುವುದಿಲ್ಲ. ಐತೀರ್ಪು, ಅಂದರೆ ಪರಿಹಾರದ ಮೊತ್ತ ನಿಗದಿ ಮಾಡುವ ಅಧಿಕಾರಿಯ ಆದೇಶ, ಆದ ಮೇಲೆ ಜಮೀನು ಸರ್ಕಾರದ ವಶಕ್ಕೆ ಹೋಗುತ್ತದೆ. ಡಾಂಬರು ಬಿದ್ದು ಲಾರಿ ಓಡುತ್ತಿದ್ದರೂ ರೈತನ ಕಡತ ಸಿಟಿ ಸಿವಿಲ್ ಕೋರ್ಟಿನಲ್ಲೇ ತೆವಳುತ್ತಿರುತ್ತದೆ.

ಅವನು ಅಲ್ಲಿಗೆ ಹೋಗುವುದಾದರೂ ಏಕೆ? ಬೆಂಗಳೂರು ಅಭಿವೃದ್ಧಿ ಪ್ರಾಧಿಕಾರದ (ಬಿಡಿಎ) ಸ್ವಾಧೀನಕ್ಕೆ 2013ರ ಹೊಸ ಭೂಸ್ವಾಧೀನ ಕಾಯ್ದೆ ಅನ್ವಯಿಸದೆಂದು 2022ರಲ್ಲಿ ಸುಪ್ರೀಂ ಕೋರ್ಟ್ ಹೇಳಿತು. ಹೊಸ ಕಾಯ್ದೆಯಲ್ಲಿ ಸೊಲೇಷಿಯಂ (ಬೆಲೆಯ ಮೇಲೆ ಕೊಡುವ ಸಾಂತ್ವನ ಧನ) ಶೇ 100, ಬಿಡಿಎಗೆ ಅನ್ವಯಿಸುವ 1894ರ ಕಾಯ್ದೆಯಲ್ಲಿ ಶೇ 30. ಬೆಲೆ ಕಟ್ಟುವುದು ಪ್ರಾಥಮಿಕ ಅಧಿಸೂಚನೆಯ, ಅಂದರೆ ಜಮೀನು ಬೇಕೆಂದು ಮೊದಲು ಪ್ರಕಟಿಸಿದ, ದಿನಕ್ಕೆ. ಬೆಂಗಳೂರಿನ ಹೊರವಲಯದ ಪೆರಿಫೆರಲ್ ರಿಂಗ್ ರಸ್ತೆಗೆ ಆ ಅಧಿಸೂಚನೆ ಬಂದದ್ದು 2005ರಲ್ಲಿ. ಬೆಂಗಳೂರು–ಮೈಸೂರು ಕಾರಿಡಾರಿನ ಒಂದು ಪ್ರಕರಣದಲ್ಲಿ ಅಧಿಸೂಚನೆ 2003ರದು, ಐತೀರ್ಪು 2019ರದು! 2019ರ ಬೆಲೆಯನ್ನೇ ಹಿಡಿಯಿರಿ ಎಂದು ಹೇಳಲು 2025ರ ಜನವರಿಯಲ್ಲಿ ಸುಪ್ರೀಂ ಕೋರ್ಟೇ ಬರಬೇಕಾಯಿತು.

ಇನ್ನು ಕೋರ್ಟಿನ ದಾರಿಯುದ್ದಕ್ಕೂ ಇರುವ ಗುಂಡಿಗಳನ್ನು ನೋಡಿ. ಹಣ ಪಡೆಯುವಾಗ ಸಹಿಯ ಜೊತೆ ‘ಪ್ರತಿಭಟನೆಯೊಂದಿಗೆ ಪಡೆದಿದ್ದೇನೆ’ ಎಂದು ಬರೆಯದಿದ್ದರೆ, 1894ರ ಕಾಯ್ದೆಯ ಕಲಂ 18ರಡಿ ಹೆಚ್ಚು ಕೇಳುವ ಹಕ್ಕಿಗೇ ಕುತ್ತು. ಬರೆದವನು ಐತೀರ್ಪಿನ ನೋಟಿಸು ತಲುಪಿದ 90 ದಿನಗಳೊಳಗೆ ಭೂಸ್ವಾಧೀನಾಧಿಕಾರಿಗೆ ಅರ್ಜಿ ಕೊಡಬೇಕು. ಅದನ್ನು ಕೋರ್ಟಿಗೆ ಒಪ್ಪಿಸಲು ಅಧಿಕಾರಿಗೂ 90 ದಿನ. ಒಪ್ಪಿಸದಿದ್ದರೆ ರೈತನೇ ಹೋಗಿ ಕೋರ್ಟಿನಿಂದ ಆದೇಶ ತರಬೇಕು. ಆಮೇಲೆ ರುಜುವಾತು: ಅಧಿಸೂಚನೆಗೆ ಸ್ವಲ್ಪ ಮುಂಚಿನ, ಅಕ್ಕಪಕ್ಕದ ಸರ್ವೆ ನಂಬರುಗಳ ಕ್ರಯಪತ್ರಗಳ ದೃಢೀಕೃತ ನಕಲು. ನೋವಿನ ಸಂಗತಿಯೆಂದರೆ, ಮುದ್ರಾಂಕ ಶುಲ್ಕ ಉಳಿಸಲು ನಮ್ಮ ಜನ ಪತ್ರದಲ್ಲಿ ಬೆಲೆ ಇಳಿಸಿ ಬರೆಸುತ್ತಾರೆ. ಆ ಸುಳ್ಳು ಅಂಕಿಯೇ ನೆರೆಯವನ ಕುತ್ತಿಗೆಗೆ ಬರುತ್ತದೆ. ಸೈಟಿನ ಕ್ರಯಪತ್ರ ತೋರಿಸಿದರೆ ರಸ್ತೆ, ಚರಂಡಿಗೆಂದು ಸಾಮಾನ್ಯವಾಗಿ ಮೂರನೇ ಒಂದು ಭಾಗ ಕಡಿತ. ಕೋರ್ಟು ಕೊಟ್ಟದ್ದೂ ಸಾಲದೆಂದು ಹೈಕೋರ್ಟಿಗೆ ಹೋದರೆ, ಸಿಕ್ಕಿದ್ದಕ್ಕೂ ಕೇಳಿದ್ದಕ್ಕೂ ಇರುವ ವ್ಯತ್ಯಾಸದ ಮೇಲೆ ಕೋರ್ಟ್ ಶುಲ್ಕ. ಕೈಯಲ್ಲಿ ಕಾಸಿಲ್ಲದವನು ನ್ಯಾಯವಾದ ದರವನ್ನು ಕೇಳಲೂ ಹೆದರಿ ಕಡಿಮೆ ಕೇಳುತ್ತಾನೆ.

ನನಗೆ ಸಿಟ್ಟು ಬರುವುದು ಇನ್ನೊಂದಕ್ಕೆ. ರೈತನ ಆ ಮೊದಲ ಅರ್ಜಿ 91ನೇ ದಿನ ಬಂದರೆ ವಿಳಂಬ ಮನ್ನಾ ಮಾಡುವ ಅಧಿಕಾರವೇ ಅಧಿಕಾರಿಗಿಲ್ಲ. ಸರ್ಕಾರ ಹೈಕೋರ್ಟಿಗೆ ತಡವಾಗಿ ಮೇಲ್ಮನವಿ ಹಾಕಿದರೆ ಮಾತ್ರ, ಕಡತ ಮೇಜಿನಿಂದ ಮೇಜಿಗೆ ಅಲೆಯಿತೆಂದು ಪ್ರಮಾಣಪತ್ರ ಸಲ್ಲಿಸಿ ಮನ್ನಾ ಕೇಳಬಹುದು.

ನಿಮ್ಮ ತೆರಿಗೆ ಹಣದ ಮಾತಿಗೆ ಬರೋಣ. ಕೋರ್ಟ್ ಹೆಚ್ಚಿಸಿದ ಮೊತ್ತದ ಮೇಲೆ, ಜಮೀನು ವಶಕ್ಕೆ ಹೋದ ದಿನದಿಂದ ಮೊದಲ ವರ್ಷ ಶೇ 9, ನಂತರ ಶೇ 15 ಬಡ್ಡಿ ಓಡುತ್ತದೆ. ಮೊದಲೇ ಸರಿಯಾದ ಬೆಲೆ ಕಟ್ಟಿದ್ದರೆ ಈ ಬಡ್ಡಿ ಹುಟ್ಟುತ್ತಲೇ ಇರಲಿಲ್ಲ. ಬೊಕ್ಕಸದ ಚಿಂತೆ ನಿಮಗಿರುವುದು ಒಳ್ಳೆಯದೇ. ಮುಂದಿನ ಪತ್ರವನ್ನು ಬೆಲೆ ಕಟ್ಟುವ ಭೂಸ್ವಾಧೀನಾಧಿಕಾರಿಗೆ ಬರೆಯಿರಿ.

— ಸಂ.