ಮೇಡಂ ಕೇಳಿ: ಕ್ಯಾಮೆರಾ ಮುಂದೆ ಬ್ಯಾಲೆ

ಪ್ರಶ್ನೆ: ಮೇಡಂ, ಮಗಳು ಬೆಂಗಳೂರಿನಲ್ಲಿ ಬ್ಯಾಲೆ ಕಲಿಯುತ್ತಿದ್ದಾಳೆ. ರಜಕ್ಕೆ ಬಂದವಳು ನನಗೆ ‘ದಿ ರೆಡ್ ಶೂಸ್’ ಸಿನಿಮಾ ತೋರಿಸಿದಳು. ಅದರಲ್ಲಿ ನಾಯಕಿಯೇ ಕುಣಿದದ್ದಾ? ಮಗಳಿಗೂ ಈಗ ಒಂದು ಆಲ್ಬಂ ಹಾಡಿಗೆ ಕರೆ ಬಂದಿದೆ. ಕಳಿಸಬಹುದೇ?
– ಓದುಗರೊಬ್ಬರು, ಮೂಡಿಗೆರೆ

ಉತ್ತರ: ಅವರೇ ಕುಣಿದದ್ದು. ನಾಯಕಿ ಮೊಯ್ರಾ ಶಿಯರರ್ ಸ್ಕಾಟ್ಲೆಂಡಿನವರು. ಲಂಡನ್ನಿನ ಸ್ಯಾಡ್ಲರ್ಸ್ ವೆಲ್ಸ್ ಬ್ಯಾಲೆ ತಂಡದಲ್ಲಿ ಆಗಲೇ ಹೆಸರು ಮಾಡಿದ್ದರು. 1948ರ ಆ ಸಿನಿಮಾಕ್ಕೆ ಕರೆದಾಗ ತಿಂಗಳುಗಟ್ಟಲೆ ಒಪ್ಪಿರಲಿಲ್ಲ. ಆ ಹಟ ನನಗೆ ತುಂಬಾ ಇಷ್ಟ.

ಯಾಕೆ ಅಂದರೆ, ವೇದಿಕೆಯ ಮೇಲೆ ಮೈ ಬಿಸಿಯಾಗುತ್ತದೆ, ಉಸಿರು ಹದಕ್ಕೆ ಬರುತ್ತದೆ, ಒಂದು ಹೆಜ್ಜೆ ಮುಂದಿನದನ್ನು ಎಳೆದು ತರುತ್ತದೆ. ನಮ್ಮ ಹಾಸನಾಂಬ ಕಲಾಕ್ಷೇತ್ರದಲ್ಲಿ ನನ್ನ ಹುಡುಗಿಯರು ಭರತನಾಟ್ಯದ ದೊಡ್ಡ ನೃತ್ಯ ‘ವರ್ಣ’ ಮಾಡುವಾಗ ಅರ್ಧ ಗಂಟೆ ನಿಲ್ಲುವ ಹಾಗೇ ಇಲ್ಲ. ಶೂಟಿಂಗ್‌ನಲ್ಲಿ ಹಾಗಲ್ಲ. ಕೆಲವು ಸೆಕೆಂಡು ಕುಣಿ, ನಿಲ್ಲು, ಲೈಟ್ ಸರಿಯಾಗುವ ತನಕ ಕಾಯಿ. ಅಷ್ಟರಲ್ಲಿ ಕಾಲು ತಣ್ಣಗಾಗಿರುತ್ತದೆ. ಆಗ ‘ರೆಡಿ, ಹಾರು’ ಅನ್ನುತ್ತಾರೆ! ಆ ಚಿತ್ರದ ಬ್ಯಾಲೆ ಭಾಗ ತೆರೆಯ ಮೇಲೆ ಸುಮಾರು ಕಾಲು ಗಂಟೆ, ತೆಗೆಯಲು ಹಿಡಿದದ್ದು ವಾರಗಟ್ಟಲೆ. ಅದೂ ಕಾಂಕ್ರೀಟ್ ನೆಲದ ಮೇಲೆ. ಕಾಲು ಊದಿಕೊಳ್ಳುತ್ತಿತ್ತು ಎಂದು ಶಿಯರರ್ ಆಮೇಲೆ ಹೇಳಿಕೊಂಡಿದ್ದಾರೆ. ಸಿನಿಮಾ ಮುಗಿದ ಮೇಲೆ ಅವರು ತಂಡಕ್ಕೇ ವಾಪಸಾದರು. ಆಮೇಲೂ ಅಲ್ಲೊಂದು ಇಲ್ಲೊಂದು ಚಿತ್ರ ಮಾಡಿದರು, ಅಷ್ಟೇ.

ಎಲ್ಲರ ಕಥೆಯೂ ಹೀಗಲ್ಲ. ಪ್ಯಾರಿಸ್ಸಿನ ಲೆಸ್ಲಿ ಕ್ಯಾರನ್ ಬ್ಯಾಲೆ ಹುಡುಗಿ. ವೇದಿಕೆಯಲ್ಲಿ ಅವರನ್ನು ನೋಡಿದ ಹಾಲಿವುಡ್ ನಟ-ನರ್ತಕ ಜೀನ್ ಕೆಲ್ಲಿ 1951ರ ತಮ್ಮ ಚಿತ್ರಕ್ಕೆ ನಾಯಕಿ ಮಾಡಿಕೊಂಡರು. ಕ್ಯಾರನ್ ಸಿನಿಮಾದಲ್ಲೇ ಉಳಿದರು, ನಟನೆಗೆ ಎರಡು ಸಲ ಆಸ್ಕರ್ ನಾಮನಿರ್ದೇಶನವನ್ನೂ ಪಡೆದರು. ಸಿಡ್ ಚಾರಿಸ್ ಅವರಿಗೆ ಚಿಕ್ಕಂದಿನಲ್ಲಿ ಪೋಲಿಯೊ ಆಗಿತ್ತು. ಮೈಗೆ ಶಕ್ತಿ ಬರಲಿ ಎಂದು ಬ್ಯಾಲೆಗೆ ಸೇರಿಸಿದ್ದರು. ಮುಂದೆ ಹಾಲಿವುಡ್‌ನಲ್ಲಿ ಕುಣಿತಕ್ಕೇ ಹೆಸರಾದ ನಟ ಫ್ರೆಡ್ ಆಸ್ಟೇರ್ ಜೊತೆ ಕುಣಿದರು. ಈ ಆಸ್ಟೇರ್ ದೊಡ್ಡ ಹಟಮಾರಿ. ಕುಣಿಯುವವರ ತಲೆಯಿಂದ ಪಾದದ ತನಕ ಚೌಕಟ್ಟಿನಲ್ಲಿ ಕಾಣಬೇಕು, ಕತ್ತರಿ ಕಡಿಮೆ ಆಡಬೇಕು ಅನ್ನುತ್ತಿದ್ದರು. ನಮ್ಮ ಬೇಲೂರಿನ ಶಿಲ್ಪಿಗಳೂ ಮದನಿಕೆಯರ ಮುಖ ಮಾತ್ರ ಕೆತ್ತಿ ಬಿಡಲಿಲ್ಲವಲ್ಲ!

ಮಗಳನ್ನು ಕಳಿಸಿ. ಆದರೆ ಮೊದಲೇ ಎರಡು ಮಾತು ಕೇಳಿಕೊಳ್ಳಿ. ಕಾಲು ತೋರಿಸುತ್ತೀರಾ, ಇಲ್ಲ ಬರೀ ಮುಖ, ಸೊಂಟವಾ? ನೆಲ ಎಂಥದ್ದು? ಸಿಮೆಂಟ್ ಅಥವಾ ಕಲ್ಲು ಅಂದರೆ ಪಾಯಿಂಟ್ ಶೂ (ಬೆರಳ ತುದಿಯ ಮೇಲೆ ನಿಲ್ಲುವ ಬ್ಯಾಲೆ ಶೂ) ಹಾಕಿ ಹಾರುವುದಿಲ್ಲ ಎಂದು ಅವಳೇ ಹೇಳಲಿ. ನೀವು ಹೇಳಿದರೆ ಅಮ್ಮನ ಭಯ ಅಂದುಕೊಳ್ಳುತ್ತಾರೆ. ಕಾಯುವಾಗ ಕಾಲಿಗೆ ಉಣ್ಣೆಯ ಲೆಗ್ ವಾರ್ಮರ್ ಇರಲಿ, ಸುಮ್ನೆ ಕುರ್ಚಿಯಲ್ಲಿ ಕೂರುವುದು ಬೇಡ. ಶಾಟ್‌ಗೆ ಕರೆಯುವ ಹತ್ತು ನಿಮಿಷ ಮುಂಚೆ ಹೇಳಿ ಎಂದು ಅಸಿಸ್ಟೆಂಟ್ ಡೈರೆಕ್ಟರ್‌ಗೆ ತಿಳಿಸಿಡಲಿ. ಒಳ್ಳೆಯವರಾದರೆ ಒಪ್ಪುತ್ತಾರೆ. ಮಾರನೆಯ ದಿನ ಕ್ಲಾಸು ಮಾತ್ರ ತಪ್ಪಿಸುವ ಹಾಗಿಲ್ಲ.