ಡಂಡಿಗೆ ಪಿಎಚ್‌ಡಿಗೆ ಬರ್ತಿರೋ ದಾವಣಗೆರೆ ತಂಗಿಗೆ

ತಂಗಿ, ಶಿವಗಂಗೋತ್ರಿಲಿ (ದಾವಣಗೆರೆ ಯೂನಿವರ್ಸಿಟಿ ಕ್ಯಾಂಪಸ್) ಬಯೋಕೆಮಿಸ್ಟ್ರಿ ಎಂಎಸ್ಸಿ ಮುಗಿಸಿದೀನಿ, ಸ್ಕಾಟ್ಲೆಂಡ್‌ನ ಡಂಡಿಲಿ ಪಿಎಚ್‌ಡಿ ಸಿಕ್ಕೈತೆ, ಚಳಿ ಹೆಂಗೆ, ಊಟ ಹೆಂಗೆ, ಈ ಪ್ರೋಟೀನ್ ರೆಗ್ಯುಲೇಶನ್ (ಜೀವಕೋಶ ತನ್ನ ಪ್ರೋಟೀನ್‌ಗಳನ್ನ ಹೆಂಗೆ ಹತೋಟಿಲಿಡುತ್ತೆ ಅನ್ನೋದು) ಓದಿದ್ರೆ ಮುಂದೆ ಕೆಲಸ ಐತಾ, ಮದುವೆ ಆದ್ರೆ ಗಂಡನ್ನ ಕರ್ಕೊಂಡು ಬರಬಹುದಾ ಅಂತ ಕೇಳಿದ್ಯಲ್ಲ, ನೋಡಿ ಖುಷಿ ಆಯ್ತು.

ಚಳಿಗಿಂತ ಗಾಳಿ ಕಾಟ ಜಾಸ್ತಿ. ಡಿಸೆಂಬರಲ್ಲಿ ಮೂರೂವರೆಗೆಲ್ಲಾ ಹೊತ್ತು ಮುಳುಗುತ್ತೆ. ಜಾಕೆಟ್ ಇಲ್ಲೇ ತಗೋ. ಬೇಳೆ ಅಕ್ಕಿ ಸಿಗುತ್ತೆ, ಅಡುಗೆ ಕಲ್ತು ಬಾ ಅಷ್ಟೇ. ನಾನು ಬಂದಾಗ ಅಮ್ಮ ಬ್ಯಾಗ್ ತುಂಬ ಮಂಡಕ್ಕಿ ಕಟ್ಟಿದ್ಲು, ಪ್ಯಾಕೆಟ್ ಬಿಚ್ಚಿದ ಮಾರನೇ ದಿನಕ್ಕೇ ಇಲ್ಲಿನ ತೇವಕ್ಕೆ ಮೆತ್ತಗಾಗಿ ಹೋಯ್ತು, ಮತ್ತೆ ಬಾಣಲೆಲಿ ಬಿಸಿ ಮಾಡಿ ಒಗ್ಗರಣೆ ಹಾಕಿ ತಿಂದೆ. ಶೇಂಗಾ ಚಟ್ನಿಪುಡಿ ತಾ, ಅದು ತಡಿಯುತ್ತೆ. ಸ್ಕಾಟ್ಲೆಂಡಲ್ಲಿ ಡಾಕ್ಟರ್ ಬರೆದುಕೊಟ್ಟ ಔಷಧಿಗೆ ದುಡ್ಡಿಲ್ಲ.

ಊರು ನಿಂಗೆ ಹಿಡಿಸುತ್ತೆ. ನಮ್ಮದು ಹತ್ತಿ ಮಿಲ್ ಊರು, ಇದು ಸೆಣಬಿನ ಮಿಲ್ ಊರು, ಎರಡೂ ಕಡೆ ಮಿಲ್ ಮುಚ್ಚಿದ್ವು, ಆದ್ರೆ ಇವರು ಆಮೇಲೆ ಲ್ಯಾಬ್ ಕಟ್ಟಿದ್ರು. ಫಿಲಿಪ್ ಕೋಹೆನ್ ಅನ್ನೋ ಬಯೋಕೆಮಿಸ್ಟ್ 1971ರಲ್ಲಿ ಇಲ್ಲಿಗೆ ಬಂದೋರು, 1990ರಲ್ಲಿ ಪ್ರೋಟೀನ್ ಫಾಸ್ಫೊರಿಲೇಶನ್‌ಗೇ (ಪ್ರೋಟೀನ್‌ಗೆ ಫಾಸ್ಫೇಟ್ ಅಂಟಿಸೋದು) ಅಂತ ಒಂದು ರಿಸರ್ಚ್ ಯೂನಿಟ್ ಶುರು ಮಾಡಿದ್ರು, ಈಗ ಅದರ ಹೆಸರಲ್ಲಿ ಯುಬಿಕ್ವಿಟಿನೂ ಸೇರೈತೆ. ಯುಬಿಕ್ವಿಟಿನ್ ಅಂದ್ರೆ ಬರೀ 76 ಅಮೈನೊ ಆಸಿಡ್‌ನ ಪುಟ್ಟ ಪ್ರೋಟೀನ್, ಎಪಿಎಂಸಿಲಿ ಮೂಟೆ ಮೇಲೆ ಗುರುತು ಹಾಕ್ತಾರಲ್ಲ ಹಂಗೆ, ಅದರ ಸರಪಳಿ ಅಂಟಿದ ಪ್ರೋಟೀನ್ ಪ್ರೋಟಿಯಸೋಮ್‌ಗೆ, ಅಂದ್ರೆ ಜೀವಕೋಶದೊಳಗಿನ ಪ್ರೋಟೀನ್ ಕತ್ತರಿಸೋ ಮಿಷನ್‌ಗೆ, ಹೋಗಿ ಪುಡಿಯಾಗುತ್ತೆ (ಎಲ್ಲಾ ಸರಪಳಿನೂ ಅಲ್ಲ, ನಿಂಗೆ ಗೊತ್ತಲ್ಲ). ಇದಕ್ಕೇ 2004ರ ನೊಬೆಲ್ ಬಂದಿದ್ದು. ಪ್ರೋಟಿಯಸೋಮ್ ತಡೆಯೋ ಬೋರ್ಟೆಜೊಮಿಬ್‌ಗೆ ಅಮೆರಿಕಾದಲ್ಲಿ 2003ರಲ್ಲೇ ಒಪ್ಪಿಗೆ ಸಿಕ್ತು, ಮಯಲೋಮ ಕ್ಯಾನ್ಸರ್‌ಗೆ ಇವತ್ತಿಗೂ ಕೊಡ್ತಾರೆ. 2001ರಲ್ಲಿ ಲ್ಯಾಬಲ್ಲಿ ಮೊದಲು ಮಾಡಿ ತೋರಿಸಿದ ಪ್ರೋಟ್ಯಾಕ್ (ಬೇಡದ ಪ್ರೋಟೀನ್‌ಗೆ ಯುಬಿಕ್ವಿಟಿನ್ ಅಂಟೋ ಹಂಗೆ ಮಾಡಿ ಪುಡಿ ಮಾಡಿಸೋ ಔಷಧಿ) ಹಿಂದೆ ಈಗ ಕಂಪನಿಗಳು ಬಿದ್ದಾವೆ. ಅಲ್ಲಿ ಕೆಲಸ ಐತೆ. ಯೂನಿವರ್ಸಿಟಿಲಿ ಗ್ರಾಂಟ್ ಇರೋವರೆಗೆ ಮಾತ್ರ ಸಂಬಳ, ಅದನ್ನ ಮನೆಲಿ ಈಗಲೇ ಹೇಳಿಡು.

ನಿಜವಾಗಿ ಹೇಳಬೇಕಾಗಿರೋದು ನೀನು ಕೇಳದೇ ಇರೋದು. ಪೋಸ್ಟ್‌ಡಾಕ್ (ಪಿಎಚ್‌ಡಿ ಆದ್ಮೇಲಿನ ರಿಸರ್ಚ್ ಕೆಲಸ) ಟೈಮಲ್ಲಿ ಬೇರೆ ದೇಶದ ಒಂದು ಲ್ಯಾಬ್‌ಗೆ (ಹೆಸರು ಬೇಡ ಬಿಡು) ಒಂದು ಇ3 ಲೈಗೇಸ್ (ಯುಬಿಕ್ವಿಟಿನ್ ಅಂಟಿಸೋ ಪ್ರೋಟೀನ್) ಮಾಡಿಕೊಡಬೇಕಿತ್ತು. ಇ ಕೋಲೈ ಬ್ಯಾಕ್ಟೀರಿಯಾಲಿ ಹಾಕಿದ್ರೆ ಎಲ್ಲಾ ಕರಗದೇ ತಳದ ಪೆಲೆಟ್ಟಲ್ಲೇ ಕೂರೋದು, ಆಮೇಲೆ ಇನ್ಸೆಕ್ಟ್ ಸೆಲ್‌ಗೆ (ಹುಳದ ಜೀವಕೋಶ) ಹೋಗಿ, ನಾಲ್ಕು ಡಿಗ್ರಿ ಕೋಲ್ಡ್ ರೂಮಲ್ಲಿ ಸ್ವೆಟರ್ ಮೇಲೆ ಲ್ಯಾಬ್ ಕೋಟ್ ಹಾಕ್ಕೊಂಡು ಪ್ರೋಟೀನ್ ಶುದ್ಧ ಮಾಡೋ ಕಾಲಮ್ ಓಡಿಸಿ ಓಡಿಸಿ, ಕೊನೆಗೆ ಬ್ಲಾಟಲ್ಲಿ (ಪ್ರೋಟೀನ್ ಗುರುತಿಸೋ ಟೆಸ್ಟು) ಕೆಳಗಿಂದ ಮೇಲಕ್ಕೆ ಮೆಟ್ಟಿಲು ಮೆಟ್ಟಿಲಾಗಿ ಬ್ಯಾಂಡ್ ಬಂತು, ಅಂದ್ರೆ ಅದು ಕೆಲಸ ಮಾಡ್ತಿತ್ತು, ಡ್ರೈ ಐಸಲ್ಲಿಟ್ಟು ಕಳಿಸಿದೆ. ಪೇಪರ್ ಬಂತು. ಮುಖ್ಯ ಫಿಗರ್ ಪೂರ್ತಿ ನನ್ನ ಪ್ರೋಟೀನ್ ಮೇಲೆ ನಿಂತೈತೆ, ನನ್ನ ಹೆಸರು ಕೊನೇಲಿ ಥ್ಯಾಂಕ್ಸ್ ಹೇಳೋ ಜಾಗದಲ್ಲಿ. ಕೇಳಿದ್ರೆ ಮೊದಲೇ ಮಾತಾಡಬೇಕಿತ್ತು ಅಂದ್ರು.

ನಮ್ಮ ಕಡೆ ಹೆಂಗೆ ಬೆಳೆಸ್ತಾರೆ ಗೊತ್ತಲ್ಲ, ಬಾಯಿಬಿಟ್ಟು ಕೇಳಿದ್ರೆ ಆಸೆಬುರುಕರು ಅಂತಾರೆ, ದೊಡ್ಡೋರು ನೋಡಿ ಕೊಡ್ತಾರೆ ಅಂತ ಸುಮ್ನಿರ್ತೀವಿ. ಇಲ್ಲಿ ಕೇಳಿದ್ರೆ ಯಾರೂ ತಪ್ಪು ತಿಳಿಯಲ್ಲ, ಕೇಳದಿದ್ರೆ ಬೇಡ ಅಂತ ತಿಳೀತಾರೆ. ಟ್ಯೂಬ್ ಕಳಿಸೋ ಮುಂಚೆ ಎರಡು ಸಾಲು ಮೇಲ್ ಹಾಕು, ಇದನ್ನ ಬಳಸಿ ಪೇಪರ್ ಬಂದ್ರೆ ಆಥರ್ ವಿಷಯ ಹೆಂಗೆ ಅಂತ, ಗೈಡ್‌ನ ಸಿಸಿಲಿ ಇಡು. ಅವರು ಫೋನಲ್ಲಿ ಆಯ್ತು ಅಂದ್ರೂ ಮತ್ತೆ ಮೇಲಲ್ಲಿ ಬರೆದು ಕಳಿಸು. ಈಗಲೂ ಯಾರಾದ್ರೂ ಟಾಕಲ್ಲಿ ಆ ಫಿಗರ್ ಹಾಕಿದ್ರೆ ಬ್ಯಾಂಡ್ ನೋಡೇ ನಂದು ಅಂತ ಗೊತ್ತಾಗುತ್ತೆ, ಹೊಟ್ಟೆ ಉರಿಯುತ್ತೆ, ಸುಳ್ಳು ಯಾಕೆ ಹೇಳ್ಲಿ.

ಗಂಡನ್ನ ಕರ್ಕೊಂಡು ಬರಬಹುದು, 2024ರಿಂದ ಮಾಸ್ಟರ್ಸ್‌ಗೆ ಬರೋರಿಗೆ ಬಹುತೇಕ ಆ ದಾರಿ ಮುಚ್ಚಿದಾರೆ, ಪಿಎಚ್‌ಡಿಗೆ ಐತೆ, ಆದ್ರೆ ವೀಸಾ ಫೀಸು, ಹೆಲ್ತ್ ಸರ್‌ಚಾರ್ಜ್ (ಇಲ್ಲಿನ ಸರ್ಕಾರಿ ಆರೋಗ್ಯ ಸೇವೆಗೆ ಕಟ್ಟೋ ದುಡ್ಡು) ಅವರಿಗೂ ಬೇರೆ ಕಟ್ಟಬೇಕು. ರೂಲ್ಸ್ ಬದಲಾಗ್ತಾ ಇರ್ತವೆ, ಅಪ್ಲೈ ಮಾಡೋ ವಾರ ಸರ್ಕಾರದ ಸೈಟಲ್ಲೇ ನೋಡ್ಕೊ. ರೂಮ್ ಮಾತ್ರ ಬೇಗ ಹುಡುಕು, ಸೆಪ್ಟೆಂಬರ್‌ವರೆಗೆ ಕಾದ್ರೆ ಯೂನಿವರ್ಸಿಟಿ ಹತ್ರ ಸಿಗೋದು ಕಷ್ಟ.