ಮಂಡಿಪೇಟೆಯ ಮೂಲೆ ಬಾರ್ ನಿಜಕ್ಕೂ ಎಷ್ಟು ಹಳೆಯದು?

ತುಮಕೂರಿನ ಮಂಡಿಪೇಟೆಯ ಹತ್ತಿರದ ಒಂದು ಮೂಲೆ ಬಾರ್‌ನ ಫಲಕದಲ್ಲಿ ‘ಎಂಬತ್ತು ವರ್ಷಗಳ ಪರಂಪರೆ’ ಎಂದು ಬರೆಸಿರುವುದನ್ನು ನೋಡಿದ ತಾವು, ಇಂಗ್ಲೆಂಡಿನ ಹಳೆಯ ಪಬ್‌ಗಳಂತೆ ಇದನ್ನೂ ಐತಿಹಾಸಿಕ ಎನ್ನಬಹುದೇ, ಇಂಥ ಅಂಗಡಿಗಳು ಮೂಲೆಯಲ್ಲೇ ಏಕೆ ಇರುತ್ತವೆ ಎಂದು ಕೇಳಿದ್ದೀರಿ. ಈ ಊರಿನ ಮದ್ಯ ಸನ್ನದುದಾರರ ಲೆಕ್ಕಪತ್ರ ಬರೆಯುತ್ತಾ ಮೂವತ್ತು ವರ್ಷ ಕಳೆದವನು ನಾನು (ಕುಡಿಯುವವನಲ್ಲ, ಹೀಗೆಂದರೆ ಯಾರೂ ನಂಬುವುದಿಲ್ಲ). ಆ ಬಾರ್‌ನ ಕಾಗದಗಳೂ ಕೆಲವು ಕಾಲ ನನ್ನ ಕೈಯಲ್ಲಿದ್ದವು. ಅಲ್ಲಿ ಮೂಲೆಯೂ ಹಳೆಯದು, ಸನ್ನದೂ ಹಳೆಯದು. ಆದರೆ ಅವೆರಡೂ ಒಂದೆಡೆ ಸೇರಿದ್ದು 2007ರ ನಂತರ.

ಇದು ಅರ್ಥವಾಗಬೇಕಾದರೆ ಸೇಂದಿಯಿಂದ, ಅಂದರೆ ಹೆಂಡದಿಂದ ಆರಂಭಿಸಬೇಕು. ನಮ್ಮ ಬಯಲುಸೀಮೆಯಲ್ಲಿ ಹೆಂಡವೆಂದರೆ ಹೆಚ್ಚಾಗಿ ಈಚಲು ಮರದ್ದು. ಮರದಿಂದ ಇಳಿಸಿದ ರಸ ಬೆಳಗಿನ ಹೊತ್ತು ಸಿಹಿಯಾಗಿರುತ್ತದೆ. ಗಡಿಗೆಗೆ ಸುಣ್ಣ ಬಳಿದಿದ್ದರೆ ಅದು ನೀರಾ ಆಗಿಯೇ ಉಳಿಯುತ್ತದೆ, ಇಲ್ಲದಿದ್ದರೆ ಬಿಸಿಲೇರಿದಂತೆ ಹುಳಿತು ಹೆಂಡವಾಗುತ್ತದೆ, ಮರುದಿನಕ್ಕೆ ಬಾಯಿಗಿಡಲಾಗದಷ್ಟು ಹುಳಿಯಾಗುತ್ತದೆ. ಅಂದಿನ ಸರಕು ಅಂದೇ ಖರ್ಚಾಗಬೇಕಾದ್ದರಿಂದ ಹೆಂಡದಂಗಡಿ ಈಚಲು ವನಕ್ಕೆ ಹತ್ತಿರವಾಗಿ, ಊರಿನ ಹೊರಗೆ ಇರುತ್ತಿತ್ತು. ಸಾರಾಯಿಯ ಸಂಗತಿ ಬೇರೆ. ಕಾಕಂಬಿಯಿಂದ ಬಟ್ಟಿ ಇಳಿಸಿ ಪೀಪಾಯಿಯಲ್ಲಿ ತಂದದ್ದು ತಿಂಗಳಾದರೂ ಕೆಡುವುದಿಲ್ಲ. ಆದ್ದರಿಂದ ಸಾರಾಯಿ ಅಂಗಡಿ ವನವನ್ನು ಬಿಟ್ಟು ಗಿರಾಕಿಯ ಹತ್ತಿರಕ್ಕೆ, ಅಂದರೆ ಪೇಟೆಯೊಳಕ್ಕೆ ಬಂದಿತು.

ಪೇಟೆಯೊಳಗೆ ಅದಕ್ಕೆ ಮೂಲೆಯೇ ಬೇಕಾಗಿತ್ತು, ಏಕೆಂದರೆ ಎರಡು ರಸ್ತೆಗಳಿಂದ ಫಲಕ ಕಾಣುತ್ತದೆ, ಮಂಡಿಗೆ ಬಂದ ಗಾಡಿಗಳು ನಿಲ್ಲಲು ಜಾಗವಿರುತ್ತದೆ, ಎಲ್ಲಕ್ಕಿಂತ ಮುಖ್ಯವಾಗಿ ಎರಡು ಬಾಗಿಲು ಇಡಬಹುದು. ತಾವು ಕೇಳಿದ ಕಟ್ಟಡದಲ್ಲಿ ದೊಡ್ಡ ಬಾಗಿಲು ಬೀದಿಗೆ, ಚಿಕ್ಕದು ಪಕ್ಕದ ಓಣಿಗೆ ತೆರೆಯುತ್ತದೆ. ಬೀದಿಯ ಬಾಗಿಲಿನ ಮೆಟ್ಟಿಲುಗಲ್ಲು ಹೊಸದರಂತೆಯೇ ಇದೆ, ಓಣಿಯ ಬಾಗಿಲಿನದು ನಡುವೆ ತಟ್ಟೆಯಂತೆ ಸವೆದಿದೆ. ಜನ ಯಾವ ಕಡೆಯಿಂದ ಬಂದುಹೋಗುತ್ತಿದ್ದರೆಂದು ಯಾವ ದಾಖಲೆಯೂ ಅಷ್ಟು ಸ್ಪಷ್ಟವಾಗಿ ಹೇಳಲಾರದು.

ಅಬಕಾರಿ ವರ್ಷ ಜುಲೈ 1ರಿಂದ ಜೂನ್ 30ರವರೆಗೆ. ಸಾರಾಯಿ ಮಾರುವ ಹಕ್ಕು ಹರಾಜಿನಲ್ಲಿ ಹೋಗುತ್ತಿತ್ತು, ಕೂಗಿ ಪಡೆದ ಗುತ್ತಿಗೆದಾರ ಸರ್ಕಾರಕ್ಕೆ ತಿಂಗಳ ಕಿಸ್ತು ಕಟ್ಟುತ್ತಿದ್ದ. ಅವಧಿ ಮುಗಿದು ಮತ್ತೆ ಹರಾಜಾದಾಗ ಬೇರೊಬ್ಬ ಕೂಗಿದರೆ ಅಂಗಡಿಯ ಒಡೆಯನೂ ಬದಲಾಗುತ್ತಿದ್ದ. ಹೀಗೆ ಈ ಮೂಲೆಯಲ್ಲಿ ಗಲ್ಲಾಪೆಟ್ಟಿಗೆಯ ಹಿಂದೆ ಕುಳಿತವರು ಎಷ್ಟೋ ಮಂದಿ. ಹೊರಗೆ ಬೋಟಿ ಮತ್ತು ಬೇಯಿಸಿದ ಕಡಲೆಕಾಯಿ ಮಾರುತ್ತಿದ್ದ ಅಜ್ಜಿ ಮಾತ್ರ ಕೊನೆಯವರೆಗೆ ಒಬ್ಬರೇ. ಕುಟುಂಬದ ಪರಂಪರೆ ಎಂಬುದೇನಾದರೂ ಅಲ್ಲಿ ಇದ್ದಿದ್ದರೆ ಅದು ಆ ಅಜ್ಜಿಯದು.

2007ರ ಜುಲೈ 1ರಿಂದ ರಾಜ್ಯದಲ್ಲಿ ಸಾರಾಯಿ ನಿಷೇಧವಾಯಿತು, ಅಂಗಡಿಗೆ ಬೀಗ ಬಿತ್ತು. ಇಂಗ್ಲೆಂಡಿನ ಪಬ್‌ಗಳೊಳಗೆ ಧೂಮಪಾನ ನಿಂತದ್ದೂ ಅದೇ ದಿನ ಎಂಬುದು ಕೇವಲ ಕಾಕತಾಳೀಯ.

ಇನ್ನು ಸನ್ನದಿನ ಕಥೆ. ಕುಳಿತು ಕುಡಿಯುವ ಬಾರ್‌ಗೆ ಸಿಎಲ್-9, ಸೀಲು ಮಾಡಿದ ಬಾಟಲಿಯನ್ನು ಮಾರಿ ಕಳುಹಿಸುವ ಚಿಲ್ಲರೆ ಅಂಗಡಿಗೆ ಸಿಎಲ್-2 ಎಂಬ ಸನ್ನದುಗಳಿದ್ದು, ಇವು 1968ರ ನಿಯಮಗಳಿಂದ ಬಂದವು. 1992ರ ನಂತರ ದಶಕಗಳ ಕಾಲ ಸರ್ಕಾರ ಖಾಸಗಿಯವರಿಗೆ ಈ ಎರಡನ್ನೂ ಹೊಸದಾಗಿ ಕೊಡಲಿಲ್ಲ. ಹಾಗಾಗಿ ಹೊಸ ಬಾರ್ ತೆರೆಯಬೇಕೆನ್ನುವವರು ಹಳೆಯ ಸನ್ನದೊಂದನ್ನು ಹುಡುಕಿ, ತಮ್ಮ ಹೆಸರಿಗೆ ವರ್ಗಾಯಿಸಿಕೊಂಡು, ಅನುಮತಿ ಪಡೆದು ಸ್ಥಳಾಂತರಿಸಿಕೊಳ್ಳಬೇಕಾಯಿತು. ಊರಿನಲ್ಲಿ ಗಾಜಿನ ಬಾಗಿಲು, ಬಣ್ಣದ ದೀಪ ಹಾಕಿಕೊಂಡ ಎಷ್ಟೋ ಬಾರ್‌ಗಳೊಳಗೆ ನನ್ನ ತಲೆಗೂದಲಿಗಿಂತ ಮೊದಲೇ ನರೆತ ಸನ್ನದುಗಳಿವೆ. 2016ರ ಡಿಸೆಂಬರ್‌ನಲ್ಲಿ ಸುಪ್ರೀಂ ಕೋರ್ಟು ಹೆದ್ದಾರಿಯಿಂದ 500 ಮೀಟರ್ ಒಳಗೆ ಮದ್ಯದಂಗಡಿ ಇರಬಾರದೆಂದು ಹೇಳಿದಾಗ, ಮುಂದಿನ ವರ್ಷ ನಗರ ಪರಿಮಿತಿಗೆ ವಿನಾಯಿತಿ ಸಿಗುವವರೆಗೆ, ನನ್ನ ಮೇಜಿನ ಮೇಲೆ ಸ್ಥಳಾಂತರದ ಅರ್ಜಿಗಳ ಹೊರತು ಬೇರೇನೂ ಇರಲಿಲ್ಲ.

ತಾವು ಹೇಳುವ ಬಾರ್‌ನ ಸನ್ನದು 1970ರ ದಶಕದ್ದು. ಮೊದಲು ಶಿರಾ ಗೇಟ್ ಕಡೆ ಇತ್ತು. ಸಾರಾಯಿ ಅಂಗಡಿ ಮುಚ್ಚಿ ಖಾಲಿ ಬಿದ್ದಿದ್ದ ಈ ಮೂಲೆಗೆ ಅದು ಬಂದಿತು. ಮೂಲೆಯಲ್ಲಿ ಸಾರಾಯಿ ಮಾರಿದ ಸುಮಾರು ನಲವತ್ತು ವರ್ಷಕ್ಕೆ ಸನ್ನದಿನ ನಲವತ್ತು ವರ್ಷ ಕೂಡಿಸಿ ಫಲಕದವರು ಎಂಬತ್ತು ಮಾಡಿದ್ದಾರೆ. ಎರಡರ ಅವಧಿಯೂ ಬಹುಪಾಲು ಒಂದೇ ಕಾಲದ್ದೆಂಬುದನ್ನು ಅವರು ಗಮನಿಸಲಿಲ್ಲ, ಅಥವಾ ಗಮನಿಸಿಯೂ ಸುಮ್ಮನಾದರು. ಲೆಕ್ಕ ಬರೆಯುವವನಾಗಿ ನನಗೆ ಇದನ್ನು ಒಪ್ಪಲಾಗದು.

ಇಂಗ್ಲೆಂಡಿನಲ್ಲಿಯೂ ಫಲಕಗಳೆಲ್ಲ ಸತ್ಯವಲ್ಲ. ನಾಟಿಂಗ್‌ಹ್ಯಾಮ್‌ನ ಒಂದು ಪ್ರಸಿದ್ಧ ಪಬ್ ತನ್ನ ಗೋಡೆಯ ಮೇಲೆ 1189 ಎಂದು ಬರೆಸಿಕೊಂಡಿದೆ; ಕಟ್ಟಡ ಅದಕ್ಕಿಂತ ಬಹಳ ಈಚಿನದು. ಅಲ್ಲಿ 1830ರ ಕಾಯ್ದೆಯ ಪ್ರಕಾರ ತೆರಿಗೆ ಕಟ್ಟುವ ಯಾರಾದರೂ ಎರಡು ಗಿನಿ ಕೊಟ್ಟು ಮನೆಯಲ್ಲೇ ಬಿಯರ್ ಮಾರಬಹುದಾಗಿತ್ತು. ಹೀಗೆ ಸಾವಿರಾರು ಮನೆಗಳು ಪಬ್‌ಗಳಾದ ಕಾರಣ ಮನೆಗೂ ಪಬ್ಬಿಗೂ ಒಂದೇ ಚರಿತ್ರೆ ಉಳಿದ ಉದಾಹರಣೆಗಳು ಅಲ್ಲಿ ಹೇರಳ. ನಮ್ಮಲ್ಲಿ ಸನ್ನದಿಗೆ ಕಾಲಿದೆ, ಕಟ್ಟಡಕ್ಕಿಲ್ಲ. ಆದ್ದರಿಂದ ಆ ಬಾರ್ ಐತಿಹಾಸಿಕವಲ್ಲವೆಂದು ನಾನು ಹೇಳುವುದಿಲ್ಲ, ಅದಕ್ಕೆ ಎರಡು ಚರಿತ್ರೆಗಳಿವೆ ಎನ್ನುತ್ತೇನೆ.

ಅನುಮಾನವಿದ್ದರೆ ಒಮ್ಮೆ ಒಳಗೆ ಹೋಗಿ ನೋಡಿ. ಗಲ್ಲಾದ ಹಿಂದಿನ ಗೋಡೆಯಲ್ಲಿ ಚೌಕಟ್ಟು ಹಾಕಿ ತೂಗುಹಾಕಿರುವ ಸನ್ನದಿನಲ್ಲಿ ಚಕ್ಕುಬಂದಿ ಬರೆದಿರುತ್ತದೆ. ಪೂರ್ವಕ್ಕೆ ರಸ್ತೆ, ಉತ್ತರಕ್ಕೆ ರಸ್ತೆ, ದಕ್ಷಿಣಕ್ಕೆ ಖಾಸಗಿ ಸ್ವತ್ತು. ಪಶ್ಚಿಮಕ್ಕೆ ‘ಹಳೇ ಸಾರಾಯಿ ಅಂಗಡಿ ಓಣಿ’ ಎಂದಿದೆ.